ಏಕಾದಶಿಯ ಡಬಲ್ ಬಾಸ್

ಡಬಲ್ ಬಾಸ್ ಮೊದಲ ಸಲ ನನಗೆ ಕೇಳಿಸಿದ್ದು ಹೊಟ್ಟೆಯಲ್ಲಿ. ಶಂಶಾಬಾದ್ ವಿಮಾನ ನಿಲ್ದಾಣದ ಸರಕು ವಿಭಾಗದಲ್ಲಿ ನನ್ನ ಕೆಲಸ. ಬಂದ ಪೆಟ್ಟಿಗೆಗಳ ಅಳತೆ, ತೂಕ, ಕಾಗದ ನೋಡಿ ಹೊರಗೆ ಬಿಡುವುದು. ಒಂದು ಬೆಳಿಗ್ಗೆ ನನಗಿಂತ ಎತ್ತರದ ಬಿಳಿ ಪೆಟ್ಟಿಗೆಯೊಂದು ಬಂದು ನಿಂತಿತು. ಪಕ್ಕದ ಮೇಜಿನವನು ಅದರೊಳಗೆ ಹೆಣವೇ ಇರಬೇಕೆಂದು ತೀರ್ಮಾನಿಸಿ, ಎದ್ದು ನಿಂತು ಕೈಮುಗಿದ. ತೆರೆದು ನೋಡಿದರೆ ಜೇನುಬಣ್ಣದ, ಭಾರೀ ಸೊಂಟದ ಒಂದು ಪಿಟೀಲು! ಪಿಟೀಲಿಗೆ ಅಜ್ಜಿ ಅನ್ನುವವಳೊಬ್ಬಳು ಇದ್ದಾಳೆಂದು ನನಗೆ ಅಂದೇ ಗೊತ್ತಾದದ್ದು.

ಹೊರದೇಶದಿಂದ ಕಾರ್ಯಕ್ರಮಕ್ಕೆ ಬಂದಿದ್ದ ಜಾಝ್ ತಂಡದ ವಾದ್ಯ ಅದು. ಬಿಡಿಸಿಕೊಂಡು ಹೋಗಲು ಆ ತಂಡದವರು ಈ ಊರಿನಲ್ಲಿ ತಮಗೆ ಗೊತ್ತಿದ್ದ ಒಬ್ಬ ಬಾಸ್ ವಾದಕರನ್ನು ಕಳಿಸಿದ್ದರು. ಇಸ್ತ್ರಿ ಮಾಡಿದ ಅಂಗಿ, ಕತ್ತರಿಸಿಟ್ಟಂಥ ಬಿಳಿ ಮೀಸೆ, ಎಪ್ಪತ್ತು ದಾಟಿದ ವಯಸ್ಸು. ಅವರು ವಾದ್ಯವನ್ನು ಎಬ್ಬಿಸಿ ನಿಲ್ಲಿಸಿ, ಪ್ರಯಾಣದಲ್ಲಿ ಪೆಟ್ಟಾಗಿದೆಯೋ ಇಲ್ಲವೋ ನೋಡಲು ಎಲ್ಲಕ್ಕಿಂತ ದಪ್ಪ ತಂತಿಯನ್ನು ಒಮ್ಮೆ ಎಳೆದು ಬಿಟ್ಟರು. ಗೋದಾಮಿನ ತಗಡು ಗುಂಯ್‌ಗುಟ್ಟಿತು. ಮೇಜಿನ ಮೇಲಿನ ಚಹಾ ನಡುಗಿತು. ನನ್ನ ಹೊಟ್ಟೆಯೊಳಗೆ ಯಾರೋ ಬಾಗಿಲು ತಟ್ಟಿದ ಹಾಗಾಯಿತು.

"ಯವ್ವಾ!" ಅಂದೆ ನಾನು, ಕಚೇರಿ ಅನ್ನುವುದನ್ನೂ ಮರೆತು.

ಮುದುಕರು ಗಕ್ಕನೆ ತಿರುಗಿದರು. "ಯಾವೂರಾಕಿ ಬೇ ನೀ?"

"ಕಲಬುರಗಿ ಕಡಿಯವ್ರು ರೀ. ಹುಟ್ಟಿದ್ದು ಬೆಳದಿದ್ದು ಎಲ್ಲಾ ಇಲ್ಲೇ."

"ನಂದು ಹುಬ್ಬಳ್ಳಿ. ರೇಲ್ವೆ ಕ್ವಾರ್ಟರ್ಸು," ಅಂದವರು, ನನ್ನ ಮುಖ ನೋಡಿ ಏನನ್ನಿಸಿತೋ, ತಂತಿಯನ್ನು ಇನ್ನೊಂದು ಸಲ ಎಳೆದರು. "ಹೊಟ್ಟ್ಯಾಗ ಬಡೀತಲ್ಲ? ಕಿವ್ಯಾಗ ಬಡದಿದ್ರ ನಿನ್ನ ಕೂಡ ಮಾತಾಡತಿದ್ದಿಲ್ಲ ನಾ."

ಮುಂದಿನ ಭಾನುವಾರ ನಾನು ಸಿಕಂದರಾಬಾದಿನಲ್ಲಿ ಅವರ ಮನೆಯ ಬಾಗಿಲಲ್ಲಿದ್ದೆ. ನನಗೆ ಆಗ ಮೂವತ್ತೆಂಟು. ಆ ವಯಸ್ಸಿಗೆ ನನ್ನ ಗೆಳತಿಯರು ಮಂಡಿನೋವಿಗೆ ಎಣ್ಣೆ ಹುಡುಕುತ್ತಿದ್ದರು. ನಾನು ಗುರು ಹುಡುಕಿಕೊಂಡು ಹೊರಟಿದ್ದೆ. ಸಂಕೋಚವೆಂಬುದು ನಮ್ಮ ವಂಶದಲ್ಲಿಯೇ ಇಲ್ಲ. ಸಿಟ್ಟು ಬೇಕಾದಷ್ಟಿದೆ.

ಅವರ ಬಾಸ್ ಮನೆಯ ಮೂಲೆಯಲ್ಲಿ, ಏಸುವಿನ ಪಟದ ಕೆಳಗೆ, ಗೋಡೆಗೆ ಒರಗಿ ನಿಂತಿತ್ತು. ಬಣ್ಣ ಅಲ್ಲಲ್ಲಿ ಸವೆದು, ಬಲಗೈ ಬೆರಳು ಓಡಾಡುವ ಜಾಗದಲ್ಲಿ ಮರ ಬೆಳ್ಳಗಾಗಿತ್ತು. ಹುಬ್ಬಳ್ಳಿಯ ರೈಲ್ವೆಯವರ ನೃತ್ಯಕೂಟಗಳಲ್ಲಿ ಹುಡುಗರಾಗಿದ್ದಾಗ ಶುರು ಮಾಡಿದವರು, ರೈಲ್ವೆಯಲ್ಲೇ ನೌಕರಿ ಹಿಡಿದು ಸಿಕಂದರಾಬಾದಿಗೆ ವರ್ಗವಾಗಿ ಬಂದರು. ಹಗಲು ಕಚೇರಿ, ಸಂಜೆ ಕ್ಲಬ್ಬು, ಹೋಟೆಲು, ಮದುವೆ ಮನೆ. ಆಮೇಲೆ ಕೀಬೋರ್ಡ್ ಬಂತು. ಅದನ್ನು ನುಡಿಸುವವನು ಎಡಗೈಯಲ್ಲೇ ಬಾಸ್ ಒತ್ತತೊಡಗಿದ. ಹೋಟೆಲಿನವರು ಇವರಿಗೆ ದೊಡ್ಡ ನಮಸ್ಕಾರ ಹಾಕಿದರು. ಇದನ್ನೆಲ್ಲ ಹೇಳುವಾಗ ಅವರ ದನಿಯಲ್ಲಿ ಗೋಳಿರಲಿಲ್ಲ. "ಆ ಕೀಬೋರ್ಡಿನ ಬಾಸು ಅಂದ್ರ ಸೊಪ್ಪಿನ ಪಲ್ಯಾದ ಫೋಟೋ ಇದ್ದಂಗ. ನೋಡಾಕ ಹಸರ, ಹೊಟ್ಟಿಗೆ ಏನೂ ಇಲ್ಲ," ಅಂದು ಗಹಗಹಿಸಿ ನಗುತ್ತಿದ್ದರು.

ಅವರ ನುಡಿಸುವಿಕೆಯ ಬಗ್ಗೆ ಹೇಳಲು ಕೂತರೆ ನನಗೆ ಈಗಲೂ ಕೂತಲ್ಲಿ ಕೂರಲಾಗುವುದಿಲ್ಲ. ಬೆರಳು ಓಡಿಸಿ ಬೆರಗುಗೊಳಿಸುವ ಚಟವೇ ಅವರಿಗಿರಲಿಲ್ಲ. ಒಂದು ಆವರ್ತಕ್ಕೆ ನಾಲ್ಕು ಸ್ವರ, ನಾಲ್ಕು ಹೆಜ್ಜೆ, ಅಷ್ಟೇ. ಆದರೆ ಆ ನಾಲ್ಕೂ ಎಲ್ಲಿಗೋ ಹೊರಟ ಮನುಷ್ಯನ ಹೆಜ್ಜೆಗಳು. ಒಂದು ಸ್ವರ ಮುಗಿಯುವ ಮೊದಲೇ ಮುಂದಿನದು ಬೇಕೆನಿಸಿಬಿಡುತ್ತಿತ್ತು. ಪಿಯಾನೊ ಮೇಲೆ ಹಾರಾಡಲಿ, ಡ್ರಮ್ಸ್ ಕಿರುಚಲಿ, ಇವರು ಕೆಳಗೆ ನಡೆಯುತ್ತಲೇ ಇರುತ್ತಿದ್ದರು. ತಂತಿಯನ್ನು ಬೆರಳ ತುದಿಯಿಂದ ಮೀಟದೆ, ತೋರುಬೆರಳಿನ ಇಡೀ ಮಗ್ಗುಲಿನಿಂದ ಎಳೆಯುತ್ತಿದ್ದರು. ಅದಕ್ಕೇ ಆ ದನಿಗೆ ಮೈ ಇತ್ತು. ಯಾರಾದರೂ ಲಯ ಬಿಟ್ಟು ಓಡಿದರೆ ಇವರು ಓಡುತ್ತಿರಲಿಲ್ಲ. "ಡ್ರಮ್ಸಿನಾಂವ ಓಡಿದ್ರ ಅಂಗಿ ಹಿಡದು ಜಗ್ಗಬೇಕು. ಅಂವ ಅತ್ರೂ ಬಿಡಬಾರದು," ಎನ್ನುತ್ತಿದ್ದರು.

ನನ್ನ ಸಂಕಟ ಬೇರೆಯೇ ಇತ್ತು. ನಮ್ಮ ತಂದೆ ರಕ್ಷಣಾ ಇಲಾಖೆಯ ಕಾರ್ಖಾನೆಯಲ್ಲಿದ್ದವರು. ಕಾರ್ಖಾನೆಯ ಕಾಲನಿಯಲ್ಲಿ ಕರ್ನಾಟಕದ ಮನೆಗಳೆಲ್ಲ ಸೇರಿ ನಡೆಸುವ ಭಜನಾ ಮಂಡಳಿಗೆ ನಮ್ಮವ್ವನೇ ಮುಖ್ಯಸ್ಥೆ. ಫ್ರಾಕು ಹಾಕುವ ಕಾಲದಿಂದ ನಾನು ಅಲ್ಲಿ ತಂಬೂರಿ ಹಿಡಿದವಳು. ತಂಬೂರಿ ಹಿಡಿದವರ ಧರ್ಮವೇನು? ಷಡ್ಜವನ್ನು ಹಿಡಿದುಕೊಂಡು ಕೂರುವುದು. ಲೋಕ ಮುಳುಗಿದರೂ ಅಲ್ಲಾಡಬಾರದು. ಬಾಸ್ ಕೈಗೆ ಬಂದಾಗಲೂ ನನ್ನ ಬೆರಳು ಅದನ್ನೇ ಮಾಡಿತು. ಒಂದೇ ಸ್ವರಕ್ಕೆ ಜೋತುಬಿದ್ದು ಕಣ್ಣು ಮುಚ್ಚಿದೆ.

"ಕೂತೆ?" ಎಂದರು ಅಂಕಲ್. ಅವರನ್ನು ನಾನು ಹಾಗೇ ಕರೆಯುತ್ತಿದ್ದದ್ದು. "ಏಳು. ನಡಿ. ಇದು ತಂಬೂರಿ ಅಲ್ಲ ಮಗಳ, ಇದಕ್ಕ ಊರಿಗೆ ಹೋಗೂದೈತಿ."

ಏಳಲು, ನಡೆಯಲು ನನಗೆ ವರ್ಷಗಳೇ ಹಿಡಿದವು. ಬೆಳಗಿನ ಪಾಳಿ ಮುಗಿಸಿ ಶಂಶಾಬಾದಿನಿಂದ ಬಸ್ಸು ಹಿಡಿದು ಅವರ ಮನೆಗೆ ಹೋಗುವುದು, ಬೆರಳಲ್ಲಿ ಗುಳ್ಳೆ ಎಬ್ಬಿಸಿಕೊಂಡು ಬರುವುದು. ಗುಳ್ಳೆ ಒಡೆದು ಗಟ್ಟಿಯಾದಾಗ ನಾನು ಅದನ್ನು ಕಚೇರಿಯಲ್ಲಿ ಎಲ್ಲರಿಗೂ ತೋರಿಸಿದೆ. ಅಷ್ಟು ಹೆಮ್ಮೆ ಪಡುವಂಥದ್ದು ಅದರಲ್ಲೇನಿದೆ ಎಂದು ಯಾರಿಗೂ ಅರ್ಥವಾಗಲಿಲ್ಲ. ನನಗೆ ಮಾತ್ರ ಬಳೆ ತೊಡಿಸಿಕೊಂಡಷ್ಟು ಸಂಭ್ರಮ.

ಅಷ್ಟರಲ್ಲಿ ಅಂಕಲ್ ಬೆರಳುಗಳ ಗೆಣ್ಣು ಬಾತುಕೊಳ್ಳತೊಡಗಿದವು. ಮೊದಮೊದಲು ಕಾರ್ಯಕ್ರಮದ ಮಾರನೆಯ ದಿನ ನೋವು, ಆಮೇಲೆ ಕಾರ್ಯಕ್ರಮದ ನಡುವೆಯೇ ನೋವು. ಕೊನೆಗೊಂದು ದಿನ ಅಂಗಿಯ ಗುಂಡಿ ಹಾಕಲೂ ಬೆರಳು ಬಗ್ಗಲಿಲ್ಲ. ಅದೇ ಹೊತ್ತಿಗೆ ಬೇಗಂಪೇಟೆಯ ಒಂದು ಹೋಟೆಲಿನವರು ಆ ಬಾಸ್ ಬೇಕೆಂದು ಬೆನ್ನು ಬಿದ್ದರು. ಯಾತಕ್ಕೆ ಅಂತೀರಿ? ಬಾಗಿಲ ಪಡಸಾಲೆಯಲ್ಲಿ ಹೂಕುಂಡಗಳ ನಡುವೆ ಅಲಂಕಾರಕ್ಕೆ ನಿಲ್ಲಿಸಲು!

ನನ್ನ ಮೈ ಉರಿಯಿತು. ಅಂಗಡಿಗೆ ಹೋಗಿ ತರುವ ಸಾಮಾನು ಅದಲ್ಲ. ಈ ಊರಿನಲ್ಲಿ ಬೆರಳಲ್ಲಿ ಎಣಿಸುವಷ್ಟು ಇದ್ದಾವು. ಅದು ಹೋದರೆ ನನ್ನ ಬಾಸೂ ಹೋಯಿತು. "ಅಂಕಲ್, ನನಗ ಕೊಡ್ರಿ," ಎಂದು ಕೇಳಿಯೇಬಿಟ್ಟೆ.

ಅವರು ಮೀಸೆ ಸವರಿಕೊಂಡರು. "ಹೋಟೆಲ್‌ನವ್ರ ಕಡೆ ಹೋದ್ರ ಅದು ಸುಮ್ನ ನಿಂತಿರತೈತಿ. ಅವ್ರು ಅದನ್ನ ಕೆಟ್ಟದಾಗಿ ಅಂತೂ ನುಡಸಾಂಗಿಲ್ಲ."

ನಾನು ಎದ್ದು ಹೋಗಿ ಬಾಸಿಗೂ ಬಾಗಿಲಿಗೂ ನಡುವೆ ನಿಂತೆ.

ಆಮೇಲೆ ಅವರೇ ದಾರಿ ಹೇಳಿದರು. ಬೇಗಂಪೇಟೆಯಲ್ಲೇ ಒಂದು ಉಪಾಹಾರ ಗೃಹದಲ್ಲಿ ಭಾನುವಾರ ಮಧ್ಯಾಹ್ನ ಅವರ ತಂಡ ನುಡಿಸುತ್ತಿತ್ತು. ಅವತ್ತು ಅವರ ಜಾಗದಲ್ಲಿ ನಾನು. ಅವರು ನನ್ನ ನುಡಿಸುವಿಕೆಗೆ ಕಿವಿ ಕೊಡುವುದಿಲ್ಲ. ತಂಡಕ್ಕೆ ಬೆನ್ನು ಹಾಕಿ, ಕೂತವರ ಕಡೆ ಮುಖ ಮಾಡಿ, ಮೇಜಿನ ಕೆಳಗೆ ಕಾಲುಗಳನ್ನು ನೋಡುತ್ತಾರೆ. ಬಾಸ್ ಚೆನ್ನಾಗಿದ್ದರೆ ಅದು ಬಾಸ್ ಎಂದು ಯಾರಿಗೂ ತಿಳಿಯುವುದಿಲ್ಲವಂತೆ. ಕಾಲು ಮಾತ್ರ ತಾನಾಗಿ ಆಡುತ್ತದಂತೆ. ಆಯುಷ್ಯವಿಡೀ ಅವರು ತಮ್ಮ ನುಡಿಸುವಿಕೆಯನ್ನು ಅಳೆದುಕೊಂಡದ್ದೇ ಹೀಗೆ. ಹೊಗಳುವ ಬಾಯಿ ಸುಳ್ಳಾಡೀತು, ಕಾಲು ಸುಳ್ಳಾಡದು ಎನ್ನುವುದು ಅವರ ಸಿದ್ಧಾಂತ. "ಕಾಲು ಆಡಿದ್ರ ಬಾಸು ನಿಂದು. ಇಲ್ಲಂದ್ರ ಹೂಕುಂಡದ್ದು," ಎಂದರು.

ನಾನು ಮನೆಗೆ ಬಂದು ಅವ್ವನಿಗೆ ಹೇಳಿದೆ. ಅವ್ವ ಮಂಡಳಿಗೆ ಹೇಳಿದಳು. ಭಾನುವಾರ ಮಧ್ಯಾಹ್ನ ನಾನು ತಂತಿ ಸರಿಮಾಡುತ್ತಿದ್ದಾಗ ಬಾಗಿಲಲ್ಲಿ ಇಳಕಲ್ ಸೀರೆಗಳ ಒಂದು ಮೆರವಣಿಗೆಯೇ ಕಂಡಿತು. ಹಿಂದಿನಿಂದ ಗಾಂಧಿ ಟೋಪಿಗಳು. ಇಡೀ ಮಂಡಳಿ ಮೆಟ್ರೊ ಹತ್ತಿ, ಅಮೀರ್‌ಪೇಟ್‌ನಲ್ಲಿ ಬದಲಾಯಿಸಿ, ಅಲ್ಲಿ ಒಂದಿಷ್ಟು ಕಳೆದುಹೋಗಿ, ಮತ್ತೆ ಸಿಕ್ಕು, ಬಂದಿತ್ತು. ಅವ್ವ ನೆಟ್ಟಗೆ ವೇದಿಕೆಗೆ ಬಂದು ಬಾಸಿಗೆ ಅರಿಶಿನ ಕುಂಕುಮ ಹಚ್ಚಿ, ಅದರ ಸುರುಳಿ ತಲೆಗೆ ಮೊಳ ಮಲ್ಲಿಗೆ ಮುಡಿಸಿ ಕೈಮುಗಿದಳು. ಪಿಯಾನೊದವನು ಫೋಟೋ ಹೊಡೆದುಕೊಂಡ. ಮಂಡಳಿ ಇದ್ದ ಸೋಫಾಗಳನ್ನೆಲ್ಲ ಹಿಡಿದು ಕೂತಿತು, ಬೇರೆ ಗಿರಾಕಿಗಳಿಗೆ ಜಾಗವೇ ಉಳಿಯಲಿಲ್ಲ.

ಆಮೇಲೆ ನುಡಿಸಿದೆ ನೋಡಿ! ಅಂಥ ದಿನ ಮನುಷ್ಯರಿಗೆ ವರ್ಷಕ್ಕೊಮ್ಮೆಯೂ ಸಿಗುವುದಿಲ್ಲ. ಕೈಗೆ ಸ್ವರಗಳು ಕೇಳದೆಯೇ ಬಂದವು. ಡ್ರಮ್ಸ್ ನುಡಿಸುವ ಹುಡುಗಿ ನನ್ನ ಕಡೆ ನೋಡಿ ಹಲ್ಲು ಬಿಟ್ಟಳು. ಮುಂದಿನ ಸಾಲಿನಲ್ಲಿ ತಲೆಗಳು ತೂಗುತ್ತಿದ್ದವು, ತೊಡೆಯ ಮೇಲೆ ಬೆರಳುಗಳು ಲೆಕ್ಕ ಹಾಕುತ್ತಿದ್ದವು. ಬಾಸ್ ನನ್ನದಾಯಿತು, ಮುಗಿಯಿತು ಎಂದೇ ತಿಳಿದೆ.

ಕಾರ್ಯಕ್ರಮ ಮುಗಿದ ಮೇಲೆ ಅಂಕಲ್ ಎದ್ದು ಬಂದರು. "ಒಂದ ಕಾಲೂ ಆಡಲಿಲ್ಲ ಮಗಳ."

ಆಗ ನಾನು ಸೋಫಾಗಳ ಕಡೆ ನೋಡಿದೆ. ನೋಡಿ ಹಣೆ ಚಚ್ಚಿಕೊಳ್ಳುವ ಹಾಗಾಯಿತು. ಇಡೀ ಮಂಡಳಿ ಚಪ್ಪಲಿ ಬಿಟ್ಟು, ಕಾಲು ಮಡಚಿ, ಸೋಫಾದ ಮೇಲೆ ಚಕ್ಕಳಮಕ್ಕಳ ಹಾಕಿ ಕೂತಿತ್ತು. ಹೆಂಗಸರ ಪಾದಗಳು ಸೀರೆಯ ಅಂಚಿನೊಳಗೆ ಅಡಗಿದ್ದವು. ವಾದ್ಯದ ಕಡೆ ಕಾಲು ಚಾಚುವುದುಂಟೇ ನಮ್ಮಲ್ಲಿ! ಅದೂ ಕುಂಕುಮ ಹಚ್ಚಿದ ವಾದ್ಯ! ಪಾಪ, ಹುಟ್ಟಿನಿಂದ ಕಲಿತ ಮರ್ಯಾದೆಯನ್ನು ಅವರು ನನಗಾಗಿ ಇನ್ನಷ್ಟು ಬಿಗಿಯಾಗಿ ಪಾಲಿಸಿದ್ದರು.

"ಅಂಕಲ್, ನಮ್ಮ ಮಂದಿ ಹಿಂಗ ಕೂಡೂದ್ರಿ! ಕಾಲೇ ಕಾಣದಿದ್ರ ಆಡಿದ್ದು ಹೆಂಗ ಕಾಣಸ್ತೈತ್ರಿ?" ಎಂದು ನಾನು ದನಿ ಏರಿಸಿದೆ.

"ಕುಣ್ಯಾಕ ಬರದಾಕಿ ನೆಲ ಡೊಂಕು ಅಂದ್ಳಂತ," ಎಂದರು ಅಂಕಲ್, ಬಾಸಿನ ಹೊದಿಕೆ ಕೈಗೆತ್ತಿಕೊಳ್ಳುತ್ತಾ.

ಇದು ಅವ್ವನ ಕಿವಿಗೆ ಬಿತ್ತು. ನನ್ನ ಸಿಟ್ಟು ಎಲ್ಲಿಂದ ಬಂತೆಂದು ಅಂಕಲ್‌ಗೆ ಆಗ ತಿಳಿದಿರಬೇಕು. "ಏನ್ರೀ ಯಜಮಾನ್ರ, ವಾದ್ಯಕ್ಕ ಕಾಲ ತೋರಸ್ತಾರೇನ್ರಿ ಯಾರರ? ಕಾಲ ನೋಡೂದಿದ್ರ ಏಕಾದಶಿಗೆ ಬರ್ರಿ. ವಿಠ್ಠಲನ ಮುಂದ ನಾವು ನಿಂತಾಗ ನೋಡ್ರಿ. ಅಷ್ಟೂ ಕಾಲು ತೋರಸ್ತೀವಿ!"

ಅಂಕಲ್ ಅವ್ವನನ್ನು ನೋಡಿದರು, ಮಂಡಳಿಯನ್ನು ನೋಡಿದರು. ನಕ್ಕರು. "ಆತು ಬಿಡ್ರಿ. ಹೋಟೆಲ್‌ನವ್ರಿಗೆ ಏಕಾದಶಿ ತನಕ ತಡಕೋ ಅಂತೀನಿ."

ಆ ನಡುವಿನ ದಿನಗಳಲ್ಲಿ ನನಗೆ ಭಯ ಇದ್ದದ್ದು ಒಬ್ಬರದ್ದು: ಮಂಡಳಿಯಲ್ಲಿ ಮೃದಂಗದಂಥ ಪಖವಾಜು ಬಾರಿಸುವ ನಮ್ಮ ಕಾಕಾ. ಕಾರ್ಖಾನೆಯ ಲೆಕ್ಕಪತ್ರ ವಿಭಾಗದಿಂದ ನಿವೃತ್ತರಾದವರು, ಬದುಕಿನಲ್ಲಿ ಯಾವುದಕ್ಕೂ ಅವಸರ ಮಾಡದವರು, ಆದರೆ ಪಖವಾಜಿನ ಮೇಲೆ ಕೈಯಿಟ್ಟು ಭಜನೆ ಕೊನೆಗೆ ಬಂತೆಂದರೆ ಬೆನ್ನು ಹತ್ತಿದ ಎತ್ತಿನಿಂದ ತಪ್ಪಿಸಿಕೊಳ್ಳುವವರಂತೆ ಓಡುವರು. ಮಂಡಳಿಯೂ ಅವರ ಹಿಂದೆ ಓಡುವುದು. ಅದೇ ಅಲ್ಲಿಯ ಪದ್ಧತಿ. ನಾನು ಅವರ ಜೊತೆ ಓಡಿದರೆ ಅಂಕಲ್ ಕಣ್ಣಿನಲ್ಲಿ ನನ್ನ ಕಥೆ ಮುಗಿಯಿತು. ಓಡದೆ ನಿಂತರೆ ಭಜನೆ ಕೆಟ್ಟಿತು. ಅವ್ವ ಈ ಜನ್ಮದಲ್ಲಿ ನನ್ನ ಮುಖ ನೋಡಲಿಕ್ಕಿಲ್ಲ.

ಏಕಾದಶಿಯ ದಿನ ಮಧ್ಯಾಹ್ನ ಅಂಕಲ್ ಸಾಮಾನಿನ ಆಟೋದಲ್ಲಿ ಬಾಸ್ ತಂದರು. ಚಾಲಕನ ಪಕ್ಕ ಕೂರದೆ ಹಿಂದೆ, ಬಾಸಿನ ಜೊತೆ ಕೂತು, ಎಡಗೈಯಲ್ಲಿ ಅದರ ಕುತ್ತಿಗೆ ಹಿಡಿದುಕೊಂಡು ಬಂದರು. ಕಾಲನಿಯ ಸಭಾಭವನದಲ್ಲಿ ಶಹಾಬಾದ್ ಫರಸಿ ಕಲ್ಲಿನ ನೆಲ. ಗೋಡೆಗೆ ವಿಠ್ಠಲ ರುಕ್ಮಿಣಿಯ ಪಟ, ತುಳಸಿ ಹಾರ, ಒಳಗಿನಿಂದ ಸಾಬುದಾಣಿ ಖಿಚಡಿಯ ವಾಸನೆ. ಅಂಕಲ್ ಬೂಟು ಬಿಚ್ಚಿ, ಪಟಕ್ಕೆ ಎದೆ ಮುಟ್ಟಿಕೊಂಡು ತಲೆಬಾಗಿ, ನನ್ನ ಮುಂದೆ ಹಾಕಿದ್ದ ಕುರ್ಚಿಯಲ್ಲಿ ನನಗೆ ಬೆನ್ನು ಮಾಡಿ, ಮಂಡಳಿಯ ಕಡೆ ತಿರುಗಿ ಕೂತರು.

ಶುರುವಿನಲ್ಲಿ ಎಲ್ಲರೂ ಕೂತು ಹಾಡಿದರು. ನಾನು ಹೆದರಿ ಷಡ್ಜ ಹಿಡಿದುಕೊಂಡೆ, ಅದೇ ತಂಬೂರಿಯ ಬುದ್ಧಿ. ಅಂಕಲ್ ತಿರುಗಲಿಲ್ಲ, ಆದರೆ ಅವರ ಬೆನ್ನೇ ನನ್ನನ್ನು ಬೈಯುತ್ತಿತ್ತು. ಎರಡನೆಯ ಪದಕ್ಕೆ ಧೈರ್ಯ ಮಾಡಿ ಹೆಜ್ಜೆ ಎತ್ತಿದೆ. ಪಖವಾಜಿನದು ಎಂಟು ಮಾತ್ರೆಯ ಠೇಕಾ. ನನ್ನ ನಾಲ್ಕು ಹೆಜ್ಜೆಗೆ ಹೇಳಿ ಹೊಲಿಸಿದ ಹಾಗೆ ಕೂತಿತು. ಹಾರ್ಮೋನಿಯಂ ಪೇಟಿ ನುಡಿಸುತ್ತಿದ್ದ ಅವ್ವ ಒಮ್ಮೆ ತಲೆಯೆತ್ತಿ ನೋಡಿದಳು. ಹುಬ್ಬು ಏರಿತ್ತು. ಬೈಗುಳವೋ ಮೆಚ್ಚುಗೆಯೋ ತಿಳಿಯಲಿಲ್ಲ. ಹಾಡು ಮಾತ್ರ ನಿಲ್ಲಿಸಲಿಲ್ಲ.

ಆಮೇಲೆ ಮಂಡಳಿ ಎದ್ದು ನಿಂತಿತು. ಪಂಢರಪುರದ ದಾರಿಯಲ್ಲಿ ದಿಂಡಿಯ ಯಾತ್ರಿಕರು ಹಾಕುವ ಹೆಜ್ಜೆ ಅದು. ಕೈಯಲ್ಲಿ ತಾಳ, ಬಲಗಾಲು ಮುಂದೆ, ಎಡಗಾಲು ಕೂಡಿಸಿ, ಬಾಗಿ, ಹಿಂದೆ. ಹೆಂಗಸರು ಸೀರೆಯಂಚು ಮೇಲೆ ಸಿಕ್ಕಿಸಿಕೊಂಡರು. ಪಾದಗಳು ಕಂಡವು! ಕಾಲುಂಗುರದ ಪಾದ, ಒಡೆದ ಹಿಮ್ಮಡಿ, ಸಾಕ್ಸು ಹಾಕಿದ ಪಾದ. ಅಂಕಲ್ ಕುರ್ಚಿಯಲ್ಲಿ ಮುಂದಕ್ಕೆ ಜರುಗಿದರು. ಒಂದು ಸುತ್ತು, ಇನ್ನೊಂದು ಸುತ್ತು, ಎಂಥ ಸೊಗಸು! ಕೂಗಿಬಿಡೋಣ ಅನ್ನಿಸಿತು.

ಅಷ್ಟರಲ್ಲಿ ಕಾಕಾ ಓಡಿದರು.

ನಾನು ಬಾಸಿನಲ್ಲೇ ಅವರ ಅಂಗಿ ಹಿಡಿದೆ. ಬಿಡಲಿಲ್ಲ. ಅವರು ಎಳೆದರು, ನಾನು ಜಗ್ಗಿದೆ. ಮಂಡಳಿ ನಡುವೆ ಸಿಕ್ಕಿಕೊಂಡಿತು. ಅರ್ಧ ಕಾಲುಗಳು ಕಾಕಾನ ಕಡೆ, ಅರ್ಧ ನನ್ನ ಕಡೆ. ಒಬ್ಬ ಹೆಂಗಸು ಇನ್ನೊಬ್ಬಳ ಪಾದ ತುಳಿದಳು. ತಾಳಗಳು ಚೆಲ್ಲಿದ ಶೇಂಗಾದಂತೆ ದಿಕ್ಕಾಪಾಲಾದವು. ಅವ್ವನ ಹಾಡು ಹಳಿ ತಪ್ಪಿತು. ಎಲ್ಲ ಕೆಡಿಸಿದೆನೆಂದು ನನ್ನ ಕಣ್ಣಿಗೆ ನೀರು ಬಂತು.

ಆಗ ಅಂಕಲ್ ಎದ್ದು ನಿಂತು ಬಲಗೈ ಮುಷ್ಟಿ ಮೇಲೆತ್ತಿದರು. ಜಾಝ್ ತಂಡದಲ್ಲಿ ಎತ್ತಿದ ಮುಷ್ಟಿಗೆ ಅರ್ಥ ಎಲ್ಲರಿಗೂ ಗೊತ್ತು: ಮುಗಿಸಿ. ಸಾಕು. ನನ್ನನ್ನು ಮರ್ಯಾದೆಯಿಂದ ಇಳಿಸಲು ನೋಡುತ್ತಿದ್ದರು ಅವರು.

ಆದರೆ ಮಂಡಳಿಗೆ ಆ ಭಾಷೆ ಎಲ್ಲಿ ಗೊತ್ತು? ಅವರು ಕಂಡದ್ದು ಇಷ್ಟೇ: ಬೂಟು ಬಿಚ್ಚಿ ಬಂದ ಕ್ರೈಸ್ತರ ಯಜಮಾನರಿಗೆ ಭಕ್ತಿ ಉಕ್ಕಿ ಬಂದಿದೆ, ಕೈ ಮೇಲೆತ್ತಿದ್ದಾರೆ! "ವಿಠ್ಠಲಾ!" ಎಂದು ಕೂಗಿ ಎಲ್ಲರೂ ಎರಡೂ ಕೈ ಮೇಲೆತ್ತಿದರು. ತಾಳ ಹಿಡಿದ ಕೈಗಳೆಲ್ಲ ಗಾಳಿಯಲ್ಲಿ. ಅವ್ವ ಪೇಟಿ ಬಿಟ್ಟಳು. ಕಾಕಾ ಕೂಡ ಪಖವಾಜು ಬಿಟ್ಟು ಕೈಯೆತ್ತಿದರು. ಯಜಮಾನರೇ ಎತ್ತಿದ ಮೇಲೆ ಅವರು ಎತ್ತದಿರುವುದುಂಟೇ? ನನ್ನ ಬಾಸ್ ಬಿಟ್ಟರೆ ಭವನದಲ್ಲಿ ಒಂದು ವಾದ್ಯವೂ ನುಡಿಯುತ್ತಿಲ್ಲ. ಹೆಜ್ಜೆ ಮಾತ್ರ ನಿಂತಿಲ್ಲ, ಏಕೆಂದರೆ ವಿಠ್ಠಲನ ಮುಂದೆ ಹಾಕಿದ ಹೆಜ್ಜೆಯನ್ನು ಘೋಷದ ನಡುವೆ ನಿಲ್ಲಿಸುವುದಿಲ್ಲ.

ಗುರು ನಿಲ್ಲಿಸು ಎಂದರೆ ನಿಲ್ಲಿಸಬೇಕು. ನಾನು ನಿಲ್ಲಿಸಲಿಲ್ಲ. ತೋರುಬೆರಳಿನ ಇಡೀ ಮಗ್ಗುಲಿನಿಂದ ಎಳೆದೆ. ಒಂದು, ಎರಡು, ಮೂರು, ನಾಲ್ಕು. ದಿಕ್ಕೆಟ್ಟಿದ್ದ ಕಾಲುಗಳು ಹಿಡಿಯಲು ಏನಾದರೂ ಸಿಕ್ಕೀತೇ ಎಂದು ಹುಡುಕುತ್ತಿದ್ದವು. ಇದ್ದದ್ದು ಇದೊಂದೇ. ಮೊದಲು ಒಡೆದ ಹಿಮ್ಮಡಿಯವಳು ಬಂದಳು. ಆಮೇಲೆ ಇಬ್ಬರು. ಆಮೇಲೆ ಸಾಲಿಗೆ ಸಾಲೇ ನನ್ನ ಹೆಜ್ಜೆಯ ಮೇಲೆ ಬಂದು ಬಿದ್ದಿತು. ಫರಸಿಯ ಮೇಲೆ ಅಷ್ಟೂ ಪಾದಗಳು ಒಟ್ಟಿಗೆ ಧಪ್ ಎಂದವು. ಆ ಧಪ್ ನೆಲದಿಂದ ಬಾಸನ್ನು ನೆಲಕ್ಕೆ ಊರುವ ಮೊಳೆಗಾಲಿಗೆ, ಅಲ್ಲಿಂದ ಮರಕ್ಕೆ, ಮರದಿಂದ ನನ್ನ ಹೊಟ್ಟೆಗೆ ಏರಿತು. ನಾನು ಅಳುತ್ತಿದ್ದೆ, ನಗುತ್ತಿದ್ದೆ, ಎಂಥದೋ ಕೂಗುತ್ತಿದ್ದೆ. ಅಷ್ಟು ಖುಷಿ ನಾನು ಅದುವರೆಗೆ ಪಟ್ಟಿರಲಿಲ್ಲ.

ಅಂಕಲ್ ಮುಷ್ಟಿ ಇನ್ನೂ ಮೇಲೇ ಇತ್ತು. ಇಳಿಸಲು ಮರೆತಿದ್ದರು. ಕುತ್ತಿಗೆ ಬಗ್ಗಿಸಿ ಕಾಲುಗಳನ್ನೇ ನೋಡುತ್ತಿದ್ದರು. ಕೊನೆಗೆ ಕೈ ಇಳಿಸಿದಾಗ ಮಂಡಳಿಯೂ ಇಳಿಸಿತು, ತಾಳ ಬಿದ್ದವು, ಕಾಕಾ ಪಖವಾಜು ಹಿಡಿದರು. ಓಡಲಿಲ್ಲ. ನನ್ನ ಜೊತೆಗೇ ನಡೆದುಕೊಂಡು ಬಂದರು.

ಭಜನೆ ಮುಗಿದ ಮೇಲೆ ಅಂಕಲ್ ಖಿಚಡಿ ತಿಂದರು, ಅವ್ವ ಬಡಿಸಿದಷ್ಟು ಸಲವೂ ತಿಂದರು. ಬಾಸಿನ ಮಾತು ಎತ್ತಲೇ ಇಲ್ಲ. ಆಟೋದವನು ಬಾಸ್ ಹೇರಿಕೊಳ್ಳಲು ಬಾಗಿಲಿಗೆ ಬಂದು ಕೇಳಿದ: "ಸಾಬ್, ಸಾಮಾನ್ ಚಢಾನಾ ಕ್ಯಾ?"

"ಕೌನ್‌ಸಾ ಸಾಮಾನ್?" ಎಂದರು ಅಂಕಲ್. ಆಮೇಲೆ ನನ್ನ ಕಡೆ ತಿರುಗಿ, "ರಾತ್ರಿ ತಂತಿ ಸಡಿಲ ಬಿಡಬ್ಯಾಡ. ಕಿಟಕಿ ಕಡೆ ನಿಲ್ಲಸಬ್ಯಾಡ, ಬಿಸಲಿಗೆ ಮರ ಸೀಳತೈತಿ," ಎಂದರು.

ನಾನು ಅವರ ಕಾಲಿಗೆ ಬಿದ್ದೆ. ಎದ್ದು ಕುಣಿದೆ. ಅವ್ವ "ಏ ಹುಚ್ಚಿ" ಎಂದು ಬೈದಳು, ಅವಳ ಕಣ್ಣೂ ಒದ್ದೆಯಾಗಿತ್ತು. ಇಡೀ ಮಂಡಳಿ ಅಂಕಲ್‌ರನ್ನು ಕಳಿಸಲು ಹೊರಗೆ ಬಂತು.

ಅವರು ಬೂಟು ಹಾಕಿಕೊಂಡು ಹೋಗಿ ಆಟೋದ ಹಿಂದೆ ಹತ್ತಿದರು. ಖಾಲಿ ಜಾಗದಲ್ಲಿ ಒಂದು ಬದಿಗೆ ಒತ್ತಿ ಕೂತು, ಬರುವಾಗಿನಂತೆಯೇ ಎಡಗೈ ಮೇಲೆತ್ತಿ ಚಾಚಿದರು. ಚಾಲಕ ತಿರುಗಿ ನೋಡಿ, "ಸಾಬ್, ಆಗೇ ಆ ಜಾವ್, ಸೀಟ್ ಖಾಲಿ ಹೈ," ಎಂದ. ಅಂಕಲ್ ತಮ್ಮ ಕೈಯನ್ನು ಒಮ್ಮೆ ನೋಡಿಕೊಂಡು ಇಳಿದು ಬಂದು, ಚಾಲಕನ ಪಕ್ಕದಲ್ಲಿ ಕೂತರು.